ಗೆಳತಿಯ ಶಿಯಾ ಲೋಷನ್‌ಗೆ ಬೂಷ್ಟು ಬಂದಿದೆ, ಏನು ಹೇಳಲಿ?

ಪ್ರಶ್ನೆ: ನಾನು ಮೈಸೂರಿನವಳು. ಬಿ.ಫಾರ್ಮಾ ಓದುವಾಗ ಘಾನಾ ದೇಶದ ತಮಾಲೆಯ ಹುಡುಗಿಯೊಬ್ಬಳು ನನ್ನ ಕ್ಲಾಸ್‌ಮೇಟ್ ಆಗಿದ್ದಳು. ಈಗ ಅವಳಿಗೆ 26 ವರ್ಷ. ಊರಿಗೆ ಹೋಗಿ ನ್ಯಾಚುರಲ್ ಕಾಸ್ಮೆಟಿಕ್ಸ್ ಬಿಸಿನೆಸ್ ಶುರು ಮಾಡಿದ್ದಾಳೆ. ಅವಳ ಅಜ್ಜಿ ಮನೆಯಲ್ಲೇ ಶಿಯಾ ಎಂಬ ಮರದ ಬೀಜದಿಂದ ಬೆಣ್ಣೆ ತೆಗೆಯುತ್ತಾರೆ. ಅದರಿಂದ ಬಾಡಿ ಬಟರ್, ಲೋಷನ್, ಹೇರ್ ಕ್ರೀಮ್, ಕಪ್ಪು ಸೋಪು, ಲಿಪ್ ಬಾಮ್ ಅಂತ 12 ಐಟಂ ಮಾಡುವ ಆಸೆ. ಕೈಯಲ್ಲಿ 30,000 ಸೆಡಿ (ಘಾನಾದ ಹಣ) ಇದೆ. ಲೋಳೆಸರ ಹಾಕಿ ಮಾಡಿದ ಮೊದಲ ಲೋಷನ್ ಮೂರು ವಾರಕ್ಕೇ ಬೂಷ್ಟು ಹಿಡಿಯಿತು. ಬಾಡಿ ಬಟರ್ ರವೆ ರವೆಯಾಗಿದೆ ಎಂದು ಗಿರಾಕಿಗಳು ವಾಪಸ್ ಕೊಡುತ್ತಿದ್ದಾರೆ. ಪ್ರಿಸರ್ವೇಟಿವ್ ಹಾಕಿದರೆ ಅದು ನ್ಯಾಚುರಲ್ ಅಲ್ಲ ಎಂದು ಅವಳ ಹಟ. 200 ಗ್ರಾಂ ಡಬ್ಬಿಗೆ ಬೆಣ್ಣೆ 8 ಸೆಡಿ, ಡಬ್ಬಿ 7 ಸೆಡಿ, 40ಕ್ಕೆ ಮಾರಿದರೆ 25 ಸೆಡಿ ಲಾಭ ಎನ್ನುತ್ತಾಳೆ. ನಾನು ಅವಳಿಗೆ ಏನು ಹೇಳಲಿ? ಇಲ್ಲಿಗೆ ತರಿಸಿ ನಾನು ಮಾರಬಹುದಾ?

ಉತ್ತರ:

ಬೇರೆಲ್ಲ ಆಮೇಲೆ. ಆ ಲೋಷನ್ ಇನ್ನೂ ಯಾರ ಮನೆಯಲ್ಲಾದರೂ ಉಳಿದಿದ್ದರೆ, ಬಳಸಬೇಡಿ ಎಂದು ಇವತ್ತೇ ಫೋನ್ ಮಾಡಿ ಹೇಳಿ ವಾಪಸ್ ತರಿಸಿಕೊಳ್ಳಲಿ. ದುಡ್ಡೂ ವಾಪಸ್ ಕೊಡಲಿ. ಬೂಷ್ಟು ಕಣ್ಣಿಗೆ ಕಾಣುವ ಹೊತ್ತಿಗೆ, ಕಾಣದ ಬ್ಯಾಕ್ಟೀರಿಯಾ ಒಳಗೆ ಬೆಳೆದು ಎಷ್ಟೋ ದಿನ ಆಗಿರುತ್ತದೆ. ಸುಡೊಮೊನಾಸ್ ಅಂತ ಒಂದಿದೆ, ನೀರಿರುವ ಕ್ರೀಮು ಸಿಕ್ಕರೆ ಹುಲುಸಾಗಿ ಬೆಳೆಯುತ್ತದೆ. ಗಾಯಕ್ಕೋ ಕಣ್ಣಿಗೋ ಸೇರಿದರೆ ತುಂಬಾ ಕಷ್ಟ. ನೀವಿಬ್ಬರೂ ಫಾರ್ಮಸಿ ಓದಿದವರು, ಮೈಕ್ರೊಬಯಾಲಜಿ ಲ್ಯಾಬಿನ ಪ್ಲೇಟಿನಲ್ಲಿ ಹಸಿರು ಬಣ್ಣ ಬಿಡುವುದನ್ನು ನೋಡಿರುತ್ತೀರಿ. ಅದೇ ಇದು.

ನಾನು ಇಷ್ಟು ಖಾರವಾಗಿ ಹೇಳುವುದಕ್ಕೆ ಕಾರಣವಿದೆ. ಸೋಪು, ಕ್ರೀಮು ತಯಾರಿಸುವ ಕೆಲಸದಲ್ಲಿ ನನಗೆ 22 ವರ್ಷ ಆಯಿತು. ಕೆಲಸಕ್ಕೆ ಸೇರಿದ ಎರಡನೇ ವರ್ಷ, ಒಂದು ಸಣ್ಣ ಕಂಪನಿಯಲ್ಲಿ, ಗುಲಾಬಿ ನೀರು ಹಾಕಿದ ಕ್ರೀಮಿಗೆ ಪ್ರಿಸರ್ವೇಟಿವ್ ಅರ್ಧ ಮಾಡಿದೆವು. ಲೇಬಲ್ ಚೆನ್ನಾಗಿ ಕಾಣಲಿ ಎಂದು, ಅಷ್ಟೇ ಕಾರಣ. ಬೇಸಿಗೆಯಲ್ಲಿ ಮಾಲು ವಾಪಸ್ ಬರತೊಡಗಿತು. ಒಬ್ಬ ತಾಯಿ ಅದನ್ನು ಮಗುವಿನ ಕೆನ್ನೆಗೆ ಹಚ್ಚಿದ್ದರು, ಕೆನ್ನೆ ತುಂಬಾ ಕೀವುಗುಳ್ಳೆ. ಮಗು ಹುಷಾರಾಯಿತು. ಆದರೆ ಆ ತಾಯಿ ಡಬ್ಬಿ ಹಿಡಿದುಕೊಂಡು ಆಫೀಸಿನ ಬಾಗಿಲಲ್ಲಿ ನಿಂತಿದ್ದು ನನಗೆ ಈಗಲೂ ಕಣ್ಣಿಗೆ ಕಟ್ಟಿದ ಹಾಗಿದೆ.

ಪ್ರಿಸರ್ವೇಟಿವ್ ಬಗ್ಗೆ ಅವರ ಹಟ ಹೇಗೆ ಬಿಡಿಸುವುದು? ಬೆಂಜೋಯಿಕ್ ಆಸಿಡ್ ಮೊದಲು ಸಿಕ್ಕಿದ್ದು ಸಾಂಬ್ರಾಣಿಯಲ್ಲಿ ಎಂದು ಹೇಳಿ. ನಾವು ಕೆಂಡದ ಮೇಲೆ ಹಾಕುವ ಸಾಂಬ್ರಾಣಿಯೇ. ಯುರೋಪಿನ ಕಾಸ್ಮೋಸ್ ಎನ್ನುವ ನ್ಯಾಚುರಲ್ ಕಾಸ್ಮೆಟಿಕ್ಸ್ ಸರ್ಟಿಫಿಕೇಟ್ ಬಹಳ ಕಟ್ಟುನಿಟ್ಟಿನದು. ಅದು ಕೂಡ ಬೆಂಜೋಯಿಕ್ ಆಸಿಡ್, ಸಾರ್ಬಿಕ್ ಆಸಿಡ್, ಬೆಂಜೈಲ್ ಆಲ್ಕೋಹಾಲ್, ಡಿಹೈಡ್ರೊ ಅಸಿಟಿಕ್ ಆಸಿಡ್ ಇವಿಷ್ಟನ್ನೂ ಒಪ್ಪುತ್ತದೆ. ನೀರಿದ್ದಲ್ಲಿ ಕಾವಲು ಬೇಕೇ ಬೇಕು ಎಂದು ಅವರಿಗೂ ಗೊತ್ತು. ಸುಮ್ನೆ ಹಾಕಿದರೂ ಆಗುವುದಿಲ್ಲ. ಬೆಂಜೋಯಿಕ್, ಸಾರ್ಬಿಕ್ ಎರಡೂ ಹುಳಿ ಇದ್ದರೆ ಮಾತ್ರ ಕೆಲಸ ಮಾಡುವಂಥವು, ಪಿಎಚ್ 5ಕ್ಕಿಂತ ಮೇಲೆ ಹೋದರೆ ಅವುಗಳ ಶಕ್ತಿ ಇಳಿದುಬಿಡುತ್ತದೆ. ಇನ್ನೊಂದು, ವಿಟಮಿನ್ ಇ ಮತ್ತು ರೋಸ್‌ಮೇರಿ ಎಕ್ಸ್‌ಟ್ರಾಕ್ಟ್‌ಗಳನ್ನು ತುಂಬಾ ಜನ ನ್ಯಾಚುರಲ್ ಪ್ರಿಸರ್ವೇಟಿವ್ ಎಂದುಕೊಂಡಿರುತ್ತಾರೆ. ಅವು ಎಣ್ಣೆ ಕಮಟು ಹಿಡಿಯುವುದನ್ನು ತಡಮಾಡುತ್ತವೆ, ಬ್ಯಾಕ್ಟೀರಿಯಾವನ್ನು ತಡೆಯುವುದಿಲ್ಲ. ಹಸಿ ಲೋಳೆಸರದ ತಿರುಳನ್ನು ಹಾಗೇ ಹಾಕಿ ಲೋಷನ್ ಮಾಡುವುದಂತೂ ಬ್ಯಾಕ್ಟೀರಿಯಾಗೆ ಊಟ ಬಡಿಸಿದ ಹಾಗೆ.

ಆದರೆ ನನ್ನ ನಿಜವಾದ ಸಲಹೆ ಪ್ರಿಸರ್ವೇಟಿವ್ ಹಾಕಿ ಎಂಬುದಲ್ಲ. ಮೊದಲ ಎರಡು ವರ್ಷ ನೀರು ಸೇರುವ ಯಾವುದನ್ನೂ ಮಾಡಬೇಡಿ ಎಂಬುದು. ಲೋಷನ್ ಬಿಡಿ, ಹೇರ್ ಕ್ರೀಮ್ ಬಿಡಿ. ಬರೀ ಬೆಣ್ಣೆ, ಎಣ್ಣೆ, ಜೇನುಮೇಣ ಇಷ್ಟರಲ್ಲಿ ಆಗುವ ಒಂದೇ ಒಂದು ಬಾಡಿ ಬಟರ್ ಮಾಡಲಿ. ನೀರಿಲ್ಲದ ಕಡೆ ಬ್ಯಾಕ್ಟೀರಿಯಾ ಬೆಳೆಯುವುದಿಲ್ಲ. ಆಗ ಪ್ರಿಸರ್ವೇಟಿವ್ ಇಲ್ಲ ಎಂದು ಲೇಬಲ್ ಮೇಲೆ ಧೈರ್ಯವಾಗಿ ಬರೆಯಬಹುದು, ಅದು ಸತ್ಯವೂ ಆಗಿರುತ್ತದೆ. ಒದ್ದೆ ಕೈಯಿಂದ ತೆಗೆಯಬೇಡಿ ಎಂಬ ಒಂದು ಸಾಲನ್ನೂ ಸೇರಿಸಲಿ, ಯಾಕೆಂದರೆ ಬಚ್ಚಲಮನೆಯಲ್ಲಿಟ್ಟ ಡಬ್ಬಿಗೆ ನೀರು ಹೋಗಿಯೇ ಹೋಗುತ್ತದೆ.

ರವೆ ರವೆಯಾಗುವುದಕ್ಕೆ ಕಾರಣ ನಿಮಗೆ ಅಡುಗೆಮನೆಯಲ್ಲೇ ಸಿಗುತ್ತದೆ. ತುಪ್ಪ ಕಾಯಿಸಿ ನಿಧಾನವಾಗಿ ಆರಲು ಬಿಟ್ಟರೆ ಹರಳು ಹರಳಾಗುತ್ತದೆ ಅಲ್ವಾ? ತುಪ್ಪಕ್ಕೆ ಅದು ಚೆಂದ, ಕ್ರೀಮಿಗೆ ದೋಷ. ಶಿಯಾ ಬೆಣ್ಣೆಯಲ್ಲಿ ಸ್ಟಿಯರಿಕ್, ಓಲಿಯಿಕ್ ಎಂಬ ಎರಡು ಮುಖ್ಯ ಕೊಬ್ಬಿನ ಅಂಶಗಳಿವೆ. ಸ್ಟಿಯರಿಕ್ ಜಾಸ್ತಿ ಇರುವ ಭಾಗ ಮೊದಲು ಗಟ್ಟಿಯಾಗುತ್ತದೆ, ಓಲಿಯಿಕ್ ಜಾಸ್ತಿ ಇರುವ ಭಾಗ ಆಮೇಲೆ. ನಿಧಾನಕ್ಕೆ ತಣಿದರೆ ಮೊದಲಿನದು ಒಂದು ಕಡೆ ಸೇರಿ ಹರಳು ಕಟ್ಟುತ್ತದೆ. ಹಾಗಾಗಿ ಪೂರ್ತಿ ಕರಗಿಸಿ, ಹರಳಿನ ಗುರುತೂ ಉಳಿಯದಂತೆ ಸ್ವಲ್ಪ ಹೊತ್ತು ಬಿಸಿಯಲ್ಲೇ ಇಟ್ಟು, ಆಮೇಲೆ ಪಾತ್ರೆಯನ್ನು ಐಸ್ ನೀರಿನಲ್ಲಿಟ್ಟು ಬಿಡದೆ ಕಲಕುತ್ತಾ ಬೇಗ ತಣಿಸಬೇಕು. ಅವರ ಊರಲ್ಲಿ ಕರೆಂಟು ಹೋಗುವುದು ಮಾಮೂಲಿ, ಅದಕ್ಕೆ ದುಮ್ಸೋರ್ ಎಂದು ಅಲ್ಲಿ ಹೆಸರೇ ಇದೆ. ಫ್ರಿಜ್ ನಂಬಿಕೊಂಡರೆ ಬ್ಯಾಚ್ ಹಾಳಾಗುತ್ತದೆ, ಐಸ್ ಮೊದಲೇ ತಂದಿಟ್ಟುಕೊಳ್ಳಲಿ.

ಇಷ್ಟೆಲ್ಲ ಮಾಡಿದರೂ ಮಾರ್ಚ್, ಏಪ್ರಿಲ್‌ನಲ್ಲಿ ತಮಾಲೆಯ ಬಿಸಿಲು 40 ಡಿಗ್ರಿ ಹತ್ತಿರ ಹೋದಾಗ ಬಸ್ಸಿನ ಡಿಕ್ಕಿಯಲ್ಲಿಟ್ಟ ಡಬ್ಬಿ ಕರಗಿ, ರಾತ್ರಿ ನಿಧಾನಕ್ಕೆ ತಣಿದು ಮತ್ತೆ ರವೆಯಾಗುತ್ತದೆ. ಮಾಲು ಹೋಗಬೇಕಾದ ರಾಜಧಾನಿ ಅಕ್ರಾ ಅಲ್ಲಿಂದ ಸುಮಾರು 600 ಕಿಲೋಮೀಟರ್. ಸ್ವಲ್ಪ ಜೇನುಮೇಣ ಸೇರಿಸಿದರೆ ಕರಗುವ ಬಿಸಿ ಮೇಲೇರುತ್ತದೆ. ಎಷ್ಟು ಎಂಬುದನ್ನು ನೂರಕ್ಕೆ 3, 5, 7 ಭಾಗ ಹಾಕಿ ಮೂರು ಡಬ್ಬಿ ಮಾಡಿ ಬಿಸಿಲಲ್ಲಿಟ್ಟು ಅವರೇ ಕಂಡುಕೊಳ್ಳಬೇಕು. ಇಲ್ಲಿ ಕೂತು ನಾನು ಹೇಳಿದ ಅಂಕಿ ಅಲ್ಲಿಯ ಬೆಣ್ಣೆಗೆ ಹೊಂದಬೇಕೆಂದಿಲ್ಲ.

ಈಗ ಬೆಣ್ಣೆಯ ವಿಷಯ. ಗೆಲ್ಲುವುದೂ ಸೋಲುವುದೂ ಇಲ್ಲೇ. ಆದರೆ ಹೊಸಬರು ಯಾರೂ ಇದರ ಮೇಲೆ ಟೈಮ್ ಹಾಕುವುದಿಲ್ಲ, ಎಲ್ಲರಿಗೂ ರೆಸಿಪಿ ಬೇಕು.

ಶಿಯಾ ಮರ ನಮ್ಮ ಹಿಪ್ಪೆ ಮರದ ನೆಂಟ, ಸಪೋಟದ ಕುಟುಂಬ. ಮೊರಾಕ್ಕೊದ ಅರ್ಗನ್ ಮರವೂ ಅದೇ ಕುಟುಂಬದ್ದು. ಸೆನೆಗಲ್‌ನಿಂದ ಉಗಾಂಡಾದವರೆಗೆ, ಸಹಾರಾದ ಕೆಳಗೆ ಸುಮಾರು 20 ದೇಶಗಳಲ್ಲಿ ಪಟ್ಟಿಯ ಹಾಗೆ ಹಬ್ಬಿದೆ. ಹೆಚ್ಚಾಗಿ ಯಾರೂ ನೆಟ್ಟು ಬೆಳೆಸಿದ್ದಲ್ಲ, ಹೊಲದ ನಡುವೆ ತಾನಾಗಿ ಬೆಳೆದದ್ದು. ಮೊದಲ ಕಾಯಿ ಬಿಡಲು 15ರಿಂದ 20 ವರ್ಷ ಬೇಕು, ಆಮೇಲೆ 200 ವರ್ಷದವರೆಗೂ ಬದುಕಬಲ್ಲದು. ಲೇಬಲ್ ಮೇಲೆ ಈಗಲೂ ಬ್ಯುಟಿರೋಸ್ಪರ್ಮಮ್ ಪಾರ್ಕಿ ಎಂದು ಬರೆಯುತ್ತಾರೆ. 18ನೇ ಶತಮಾನದ ಕೊನೆಯಲ್ಲಿ ಆ ಕಡೆ ತಿರುಗಾಡಿ ಈ ಬೆಣ್ಣೆಯ ಬಗ್ಗೆ ಬರೆದ ಮಂಗೋ ಪಾರ್ಕ್ ಎಂಬ ಸ್ಕಾಟ್ಲೆಂಡಿನವನ ಹೆಸರು ಅದು. ನಿಮ್ಮ ಗೆಳತಿಯ ಅಜ್ಜಿಯ ಅಜ್ಜಿಯರು ಅದಕ್ಕೂ ಮೊದಲಿಂದ ಆ ಬೆಣ್ಣೆ ತೆಗೆಯುತ್ತಿದ್ದರು. ಘಾನಾದ ಟ್ವಿ ಭಾಷೆಯಲ್ಲಿ ಅದನ್ನು ನ್ಕುಟೊ ಎನ್ನುತ್ತಾರೆ. ಹುಟ್ಟಿದ ಮಗುವಿನ ಮೈಗೆ ಹಚ್ಚುವುದರಿಂದ ಹಿಡಿದು ಅಡುಗೆಯವರೆಗೆ ಎಲ್ಲಕ್ಕೂ ಅದೇ. ಉತ್ತರ ಕನ್ನಡದ ಮನೆಗಳಲ್ಲಿ ಹಿಮ್ಮಡಿ ಒಡೆದರೆ ಮುರುಗಲು ತುಪ್ಪ ಹಚ್ಚುತ್ತಾರಲ್ಲ, ಅದನ್ನು ನೆನೆಸಿಕೊಂಡರೆ ನಿಮಗೆ ಬೇಗ ಅರ್ಥವಾಗುತ್ತದೆ.

ಮೇ ತಿಂಗಳಿಂದ ಆಗಸ್ಟ್‌ವರೆಗೆ ಹಣ್ಣು ಉದುರುತ್ತದೆ. ಹೆಂಗಸರು ಬೆಳಕು ಹರಿಯುವ ಮೊದಲೇ ಹೊರಟು, ಹಾವು ಚೇಳಿರುವ ಹುಲ್ಲಿನಲ್ಲಿ ಬಗ್ಗಿ ಆರಿಸಿ, ತಲೆ ಮೇಲೆ ಹೊತ್ತು ತರುತ್ತಾರೆ. ತಿರುಳು ತೆಗೆದು, ಬೀಜ ಬೇಯಿಸಿ, ಬಿಸಿಲಲ್ಲಿ ಒಣಗಿಸಿ, ಚಿಪ್ಪು ಒಡೆದು, ಮತ್ತೆ ಒಣಗಿಸಬೇಕು. ಅದನ್ನು ಕುಟ್ಟಿ, ಹುರಿದು, ಬೀಸಿದರೆ ಚಾಕೊಲೇಟಿನ ಹಾಗೆ ಕಂದು ಹಿಟ್ಟಾಗುತ್ತದೆ. ಅದಕ್ಕೆ ನೀರು ಹಾಕಿ ಕೈಯಿಂದಲೇ ನಾದುತ್ತಾರೆ, ಗಂಟೆಗಟ್ಟಲೆ, ಮೊಣಕೈವರೆಗೆ ಮುಳುಗಿಸಿ. ಮಜ್ಜಿಗೆ ಕಡೆದಾಗ ಬೆಣ್ಣೆ ಬರುವ ಹಾಗೆ ಒಂದು ಹೊತ್ತಿಗೆ ಬಣ್ಣ ಬಿಳಿಚಿ ಕೊಬ್ಬು ಮೇಲೆ ಬರುತ್ತದೆ. ಅದನ್ನು ತೊಳೆದು, ಕುದಿಸಿ ನೀರು ಹೋಗಿಸಿ, ಸೋಸಿ ಆರಿಸಿದರೆ ಬೆಣ್ಣೆ. ಬೀಜದ ತೂಕದಲ್ಲಿ ಹತ್ತಿರ ಹತ್ತಿರ ಅರ್ಧದಷ್ಟು ಕೊಬ್ಬೇ ಇದ್ದರೂ ಕೈಯಲ್ಲಿ ಅಷ್ಟೂ ಬರುವುದಿಲ್ಲ, ಒಂದು ಕೆಜಿ ಬೆಣ್ಣೆಗೆ ಮೂರರಿಂದ ನಾಲ್ಕು ಕೆಜಿ ಬೀಜ ಬೇಕು. ಸೌದೆ ಎಷ್ಟು, ನೀರು ಎಷ್ಟು ಎಂದು ನೀವೇ ಲೆಕ್ಕ ಹಾಕಿ. ಇಷ್ಟು ಕೆಲಸದ ಬೆಣ್ಣೆ 200 ಗ್ರಾಮಿಗೆ 8 ಸೆಡಿ ಎಂದಾಗ ಅಜ್ಜಿಯ ಕೂಲಿ ಅದರಲ್ಲಿ ಸೇರಿದೆಯಾ ಎಂದು ನಾನು ಕೇಳುತ್ತೇನೆ. ನೀವೂ ಕೇಳಿ.

ಬೆಣ್ಣೆಯ ಗುಣ ಬೀಜದಲ್ಲೇ ತೀರ್ಮಾನವಾಗಿರುತ್ತದೆ. ಆರಿಸಿದ ಬೀಜವನ್ನು ಬೇಯಿಸದೆ ರಾಶಿ ಹಾಕಿ ನಾಲ್ಕು ದಿನ ಬಿಟ್ಟರೆ ಮೊಳಕೆ ಬರುತ್ತದೆ, ಬೂಷ್ಟು ಹಿಡಿಯುತ್ತದೆ, ಕೊಬ್ಬು ಒಡೆದು, ಬೆಣ್ಣೆ ಕೆಡಿಸುವ ಫ್ರೀ ಫ್ಯಾಟಿ ಆಸಿಡ್ ಏರುತ್ತದೆ. ಮಳೆಗಾಲ, ಬಿಸಿಲಿಲ್ಲ ಎಂದು ಹೊಗೆಯಲ್ಲಿ ಒಣಗಿಸಿದರೆ ಹೊಗೆಯ ಕೆಟ್ಟ ರಾಸಾಯನಿಕಗಳು ಬೆಣ್ಣೆಗೆ ಸೇರುತ್ತವೆ, ಯುರೋಪಿನವರು ಅದನ್ನು ಟೆಸ್ಟ್ ಮಾಡಿ ಮಾಲು ತಿರಸ್ಕರಿಸುತ್ತಾರೆ. ಇಂಥ ಬೀಜದ ಬೆಣ್ಣೆಗೆ ಎಷ್ಟು ಲ್ಯಾವೆಂಡರ್ ಹಾಕಿದರೂ ಮೂರು ತಿಂಗಳಿಗೆ ಕಮಟು ವಾಸನೆ ಬಂದೇ ಬರುತ್ತದೆ. ಸಂತೆಯಲ್ಲಿ ಸಿಗುವ ಬೆಣ್ಣೆಯಲ್ಲಿ ಹತ್ತು ಮನೆಯ ಬೀಜ ಬೆರೆತಿರುತ್ತದೆ, ಯಾರನ್ನೂ ಕೇಳುವ ಹಾಗಿಲ್ಲ. ಆದ್ದರಿಂದ ಅವರು ಒಂದೇ ಊರಿನ ಒಂದು ಹೆಂಗಸರ ಗುಂಪಿನ ಜೊತೆ ಮಾತಾಡಿಕೊಳ್ಳಲಿ. ಎರಡೇ ದಿನದಲ್ಲಿ ಬೇಯಿಸಿ, ಟಾರ್ಪಾಲಿನ ಮೇಲೆ ಒಣಗಿಸಿದ ಬೀಜ ಮಾತ್ರ ಸಾಕು, ಅದಕ್ಕೆ ಸಂತೆಗಿಂತ ಜಾಸ್ತಿ ಬೆಲೆ, ಅರ್ಧ ದುಡ್ಡು ಮುಂಗಡ.

ಮುಂಗಡ ಎಂದಿದ್ದು ದಾನ ಧರ್ಮಕ್ಕಲ್ಲ. ಹಣ್ಣು ಉದುರುವ ತಿಂಗಳುಗಳೇ ಆ ಕಡೆ ಕಣಜ ಖಾಲಿಯಾಗಿರುವ ತಿಂಗಳುಗಳು. ಹಿಂದಿನ ವರ್ಷದ ಧಾನ್ಯ ಮುಗಿದಿರುತ್ತದೆ, ಹೊಸದು ಇನ್ನೂ ಹೊಲದಲ್ಲಿರುತ್ತದೆ. ಮನೆಯಲ್ಲಿ ಊಟಕ್ಕೆ ಬೇಕಾದಾಗ ಹೆಂಗಸರು ಬೀಜವನ್ನು ಸಿಕ್ಕ ಬೆಲೆಗೆ ಕೊಟ್ಟುಬಿಡುತ್ತಾರೆ, ದಲ್ಲಾಳಿ ಅದನ್ನು ಕಾದಿಟ್ಟು ಎರಡು ತಿಂಗಳ ನಂತರ ಮೇಲಿನ ಬೆಲೆಗೆ ಮಾರುತ್ತಾನೆ. ಆ ಹೊತ್ತಿನಲ್ಲಿ ಕೈಗೆ ದುಡ್ಡು ಕೊಟ್ಟವರಿಗೆ ಹೆಂಗಸರು ಒಳ್ಳೆಯ ಬೀಜ ಎತ್ತಿಡುತ್ತಾರೆ. ಅಲ್ಲಿ ಸುಸು ಎಂಬ ದಿನದ ಉಳಿತಾಯದ ಪದ್ಧತಿ ಇದೆ, ನಮ್ಮ ಪಿಗ್ಮಿ ಥರ. ಮುಂಗಡವನ್ನು ಗುಂಪಿನ ಅಂಥ ಲೆಕ್ಕದ ಮೂಲಕವೇ ಕೊಟ್ಟರೆ ಎಲ್ಲರಿಗೂ ಕಾಣುವ ಹಾಗೆ ಇರುತ್ತದೆ, ಜಗಳವಾಗುವುದಿಲ್ಲ.

12 ಐಟಂ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಪ್ರತಿ ಐಟಂಗೂ ಬೇರೆ ಡಬ್ಬಿ, ಬೇರೆ ಲೇಬಲ್, ಬೇರೆ ಟೆಸ್ಟು, ಬೇರೆ ರಿಜಿಸ್ಟ್ರೇಷನ್. 30,000 ಸೆಡಿ 12 ಕಡೆ ಹಂಚಿದರೆ ಎಲ್ಲೂ ಸಾಲುವುದಿಲ್ಲ. ಅದರಲ್ಲಿ 10,000 ಮುಂದಿನ ಬೀಜದ ಕಾಲಕ್ಕೆ ಎಂದು ಬೇರೆ ತೆಗೆದಿಡಲಿ, ಉಳಿದದ್ದು ಒಂದು ಬಾಡಿ ಬಟರ್‌ಗೆ. ಎರಡನೆಯದು ಯಾವುದು ಎಂದು ಕೇಳಿದರೆ ಕಪ್ಪು ಸೋಪು. ಘಾನಾದಲ್ಲಿ ಅದಕ್ಕೆ ಅಲಾಟ ಸಮಿನ ಎನ್ನುತ್ತಾರೆ. ಕೋಕೋ ಕಾಯಿಯ ಸಿಪ್ಪೆ, ಬಾಳೆ ಸಿಪ್ಪೆ ಸುಟ್ಟ ಬೂದಿಯಲ್ಲಿರುವ ಕ್ಷಾರವೇ ಅದರ ಕಾಸ್ಟಿಕ್. ಬೂದಿ ಪ್ರತಿ ಸಲ ಒಂದೇ ಥರ ಇರುವುದಿಲ್ಲ, ಕ್ಷಾರ ಜಾಸ್ತಿಯಾದರೆ ಚರ್ಮ ಉರಿಯುತ್ತದೆ, ಗಾಳಿಯಲ್ಲಿಟ್ಟರೆ ನೀರು ಹೀರಿ ಮೆತ್ತಗಾಗುತ್ತದೆ. ಅದಕ್ಕೇ ಎರಡನೆಯ ವರ್ಷಕ್ಕೆ ಇಡಿ ಎನ್ನುವುದು.

ಲಾಭದ ಲೆಕ್ಕ ಸರಿ ಮಾಡೋಣ. ಅವರ ಅಂಕಿಗಳನ್ನೇ ಇಟ್ಟುಕೊಂಡು, ಬಿಟ್ಟುಹೋದದ್ದಕ್ಕೆ ನಾನು ಒಂದು ಅಂದಾಜು ಹಾಕುತ್ತೇನೆ. 40 ಸೆಡಿಯ ಡಬ್ಬಿಯಲ್ಲಿ ಅಂಗಡಿಯವರು ನೂರಕ್ಕೆ 30 ಕೇಳಿದರೆ 12 ಹೋಯಿತು. ಲೇಬಲ್, ರಟ್ಟಿನ ಪೆಟ್ಟಿಗೆಗೆ 3. ಅಕ್ರಾಕ್ಕೆ ಸಾಗಿಸಲು 2. ಬೆಣ್ಣೆ 8, ಡಬ್ಬಿ 7. ಉಳಿದಿದ್ದು 8 ಸೆಡಿ. ಒಡೆದ ಡಬ್ಬಿ, ಸ್ಯಾಂಪಲ್ ಕೊಟ್ಟಿದ್ದು, ಸಾಲ ಹೇಳಿ ಕೊಡದವರು, ಲ್ಯಾಬ್ ಟೆಸ್ಟ್, ಗ್ಯಾಸ್, ಐಸ್ ಎಲ್ಲ ಅದರಲ್ಲೇ ಬರಬೇಕು. ಅವರ ಸ್ವಂತ ಸಂಬಳ ಎಲ್ಲಿದೆ? ಅಜ್ಜಿಗೆ ಸರಿಯಾದ ಬೆಲೆ ಕೊಟ್ಟರೆ ಈ 8 ಕೂಡ ಉಳಿಯುವುದಿಲ್ಲ. ಒಂದೋ ಬೆಲೆ ಏರಿಸಬೇಕು, ಇಲ್ಲವೇ ಮೊದಲ ವರ್ಷ ಅಂಗಡಿ ಬಿಟ್ಟು ನೇರವಾಗಿ ಗಿರಾಕಿಗೆ ಮಾರಬೇಕು. ನಾನಾದರೆ ಎರಡನೆಯದನ್ನು ಮಾಡುತ್ತೇನೆ. ಅಲ್ಲಿ ಮೊಬೈಲ್ ಮನಿ ಎಲ್ಲರ ಫೋನಿನಲ್ಲೂ ಇದೆ, ವಾಟ್ಸ್ಆ್ಯಪ್‌ನಲ್ಲಿ ಆರ್ಡರ್ ತೆಗೆದುಕೊಂಡು ಬಸ್ಸಿನಲ್ಲಿ ಪಾರ್ಸೆಲ್ ಹಾಕುವುದು ಅಲ್ಲಿಯ ಸಣ್ಣ ವ್ಯಾಪಾರಿಗಳಿಗೆ ರೂಢಿಯಾಗಿಬಿಟ್ಟಿದೆ.

ಡಬ್ಬಿಯ ಬೆಲೆ ಮೇಲೆ ಒಂದು ಕಣ್ಣಿಟ್ಟಿರಲಿ. ಅಲ್ಲಿ ಸಿಗುವ ಡಬ್ಬಿಗಳಲ್ಲಿ ಹೆಚ್ಚಿನವು ಹೊರದೇಶದಿಂದ ಬರುತ್ತವೆ, ಸೆಡಿ ಬಿದ್ದ ದಿನ ಅವುಗಳ ಬೆಲೆ ಏರುತ್ತದೆ. 2022ರ ಡಿಸೆಂಬರ್‌ನಲ್ಲಿ ಘಾನಾದ ಹಣದುಬ್ಬರ ಶೇ 54 ದಾಟಿತ್ತು. ಬೆಣ್ಣೆ ತಮ್ಮ ಊರಿನದೇ ಆದರೂ ಡಬ್ಬಿಗಾಗಿ ಡಾಲರ್ ಹಿಂದೆ ಓಡಬೇಕಾದ ಕಷ್ಟ ಆಗ ಎಷ್ಟೋ ಜನ ಸಣ್ಣ ತಯಾರಕರಿಗೆ ಬಂತು. ಒಂದೇ ಅಳತೆಯ ಡಬ್ಬಿ, ಒಂದು ವರ್ಷಕ್ಕಾಗುವಷ್ಟು, ದುಡ್ಡಿದ್ದಾಗಲೇ ತೆಗೆದಿಡುವುದು ವಾಸಿ. ಖಾಲಿ ಡಬ್ಬಿ ವಾಪಸ್ ತಂದವರಿಗೆ ಸ್ವಲ್ಪ ಕಡಿಮೆ ಬೆಲೆಗೆ ತುಂಬಿಕೊಡಬಹುದು, ಬಿಸಿನೀರಲ್ಲಿ ತೊಳೆದು ಪೂರ್ತಿ ಒಣಗಿಸಿದ್ದರೆ ಮಾತ್ರ.

ಘಾನಾದಲ್ಲಿ ಕಾಸ್ಮೆಟಿಕ್ಸ್ ಮಾರಲು ಅಲ್ಲಿಯ ಫುಡ್ ಅಂಡ್ ಡ್ರಗ್ಸ್ ಅಥಾರಿಟಿಯಲ್ಲಿ ರಿಜಿಸ್ಟರ್ ಆಗಲೇಬೇಕು, 2012ರ ಪಬ್ಲಿಕ್ ಹೆಲ್ತ್ ಆ್ಯಕ್ಟ್ ಪ್ರಕಾರ. ಇದನ್ನು ಆಮೇಲೆ ನೋಡೋಣ ಎಂದು ಮುಂದಕ್ಕೆ ಹಾಕಬೇಡಿ ಎಂದು ಹೇಳಿ. ನೀರಿಲ್ಲದ ಒಂದೇ ಐಟಂ ಆದರೆ ಈ ಕೆಲಸವೂ ಹಗುರ. ಲೇಬಲ್ ಮೇಲೆ ಎಕ್ಸಿಮಾ ವಾಸಿ ಮಾಡುತ್ತದೆ, ಬಿಸಿಲಿಂದ ಕಾಪಾಡುತ್ತದೆ ಎಂದೆಲ್ಲ ಬರೆಯಬಾರದು. ರೋಗ ವಾಸಿ ಎಂದ ಕೂಡಲೇ ಅದು ಔಷಧಿಯ ಲೆಕ್ಕಕ್ಕೆ ಹೋಗುತ್ತದೆ. ಶಿಯಾ ಬೆಣ್ಣೆಯೇ ಸನ್‌ಸ್ಕ್ರೀನ್ ಎಂದು ಇಂಟರ್‌ನೆಟ್ಟಿನಲ್ಲಿ ಓಡಾಡುವ ಮಾತನ್ನು ನಂಬಿ ಯಾರಾದರೂ ಮಗುವನ್ನು ಬಿಸಿಲಿಗೆ ಬಿಟ್ಟರೆ ಅದರ ಹೊಣೆ ಬರೆದವರದ್ದೇ.

ಇನ್ನೊಂದು ಒತ್ತಡ ಅವರಿಗೆ ಖಂಡಿತ ಬರುತ್ತದೆ, ಬಹುಶಃ ಈಗಾಗಲೇ ಬಂದಿರಬಹುದು. ಬೆಳ್ಳಗಾಗುವುದು ಇದೆಯಾ ಎಂದು ಗಿರಾಕಿ ಕೇಳುತ್ತಾರೆ, ಅದನ್ನೂ ಇಟ್ಟರೆ ಮಾಲು ಓಡುತ್ತದೆ ಎಂದು ಅಂಗಡಿಯವರು ಹೇಳುತ್ತಾರೆ. ಹೈಡ್ರೊಕ್ವಿನೋನ್ ಇರುವ ಕ್ರೀಮುಗಳನ್ನು ಘಾನಾ 2016ರಲ್ಲೇ ನಿಷೇಧಿಸಿದೆ, ಆದರೂ ಬೇರೆ ಬೇರೆ ಹೆಸರಲ್ಲಿ ಕದ್ದು ಬರುತ್ತವೆ. ಕೆಲವದರಲ್ಲಿ ಪಾದರಸ ಇರುತ್ತದೆ, ಅದು ಕಿಡ್ನಿಗೆ ಹೋಗುತ್ತದೆ. ನಮ್ಮಲ್ಲೂ ಇದೇ ಕಾಯಿಲೆ ಎಷ್ಟು ವರ್ಷದಿಂದ ಇದೆ ಎಂದು ನಿಮಗೆ ಹೇಳಬೇಕಿಲ್ಲ. ನಿಮ್ಮ ಗೆಳತಿ ಈ ಒಂದು ವಿಷಯದಲ್ಲಿ ಎಷ್ಟು ಹಟ ಹಿಡಿದರೂ ನನಗೆ ಸಂತೋಷ. ಕಪ್ಪು ಚರ್ಮ ಹರ್ಮಟಾನ್ ಗಾಳಿಗೆ ಒಣಗಿ ಬೂದಿ ಬಣ್ಣಕ್ಕೆ ತಿರುಗಿದಾಗ ಅದರ ಹೊಳಪನ್ನು ವಾಪಸ್ ತರುವ ಬೆಣ್ಣೆ ಅವರ ಕೈಯಲ್ಲಿದೆ. ನವೆಂಬರ್‌ನಿಂದ ಫೆಬ್ರವರಿವರೆಗೆ ಸಹಾರಾದಿಂದ ಆ ಒಣ ಗಾಳಿ ಬೀಸುವಾಗ ತುಟಿ, ಹಿಮ್ಮಡಿ, ಕೈ ಎಲ್ಲ ಬಿರಿಯುತ್ತವೆ. ಅವರ ನಿಜವಾದ ಸೀಸನ್ ಅದು. ಮಾಲು ಅಕ್ಟೋಬರ್‌ಗೆ ರೆಡಿ ಇರಬೇಕು.

ಎಕ್ಸ್‌ಪೋರ್ಟ್ ಕನಸು ಎಲ್ಲರಿಗೂ ಇರುತ್ತದೆ. ತಪ್ಪಲ್ಲ. ಆದರೆ ಯುರೋಪಿಗೆ ಒಂದು ಡಬ್ಬಿ ಕಳಿಸಬೇಕಾದರೂ 1223/2009 ನಂಬರಿನ ಅವರ ಕಾನೂನಿನ ಪ್ರಕಾರ ಅಲ್ಲೊಬ್ಬ ಜವಾಬ್ದಾರಿ ಹೊರುವ ವ್ಯಕ್ತಿಯೋ ಕಂಪನಿಯೋ ಇರಬೇಕು, ಅರ್ಹತೆ ಇರುವವರು ಸಹಿ ಮಾಡಿದ ಸೇಫ್ಟಿ ರಿಪೋರ್ಟ್ ಬೇಕು, ಪೂರ್ತಿ ಫೈಲ್ ಬೇಕು. ಅದಕ್ಕೆ ದುಡ್ಡು ಸುರಿಯುವ ಮೊದಲು ತಮಾಲೆ, ಕುಮಾಸಿ, ಅಕ್ರಾದಲ್ಲಿ ಎರಡನೇ ಡಬ್ಬಿ ಕೊಳ್ಳುವ ಗಿರಾಕಿಗಳು ಎಷ್ಟು ಜನ ಎಂದು ನೋಡಬೇಕು. ದಕ್ಷಿಣ ಆಫ್ರಿಕಾದ ಪೋರ್ಷಿಯಾ ಮ್ನ್‌ಗೊಮೆಜುಲು ಗರ್ಭಿಣಿಯಾಗಿದ್ದಾಗ ಮೈಮೇಲೆ ಬಂದ ಗೆರೆಗಳಿಗೆಂದು ಮರೂಲಾ ಎಣ್ಣೆಯಿಂದ ಶುರು ಮಾಡಿ 2011ರಿಂದ ಪೋರ್ಷಿಯಾ ಎಂ ಬ್ರ್ಯಾಂಡ್ ಬೆಳೆಸಿದ್ದು ತಮ್ಮ ದೇಶದ ಗಿರಾಕಿಗಳನ್ನು ನಂಬಿಯೇ. ಮೊರಾಕ್ಕೊದಲ್ಲಿ ರಬಾತ್ ವಿಶ್ವವಿದ್ಯಾಲಯದ ಕೆಮಿಸ್ಟ್ರಿ ಪ್ರೊಫೆಸರ್ ಜುಬೈದಾ ಶರೂಫ್ ಅವರು 1990ರ ದಶಕದಲ್ಲಿ ಅರ್ಗನ್ ಎಣ್ಣೆ ತೆಗೆಯುವ ಹೆಂಗಸರ ಸಹಕಾರ ಸಂಘ ಕಟ್ಟಿದರು. ಅವರ ಕಥೆ ನಿಮ್ಮ ಗೆಳತಿಗೆ ಇನ್ನೂ ಹತ್ತಿರದ್ದು, ಯಾಕೆಂದರೆ ಅಲ್ಲಿ ಲ್ಯಾಬಿನ ಜ್ಞಾನ ಮತ್ತು ಹಳ್ಳಿಯ ಕೈಕೆಲಸ ಒಂದೇ ಕಡೆ ಸೇರಿದವು. ಫಾರ್ಮಸಿ ಓದಿ ಊರಿಗೆ ಹೋದವರು ಎಷ್ಟು ಜನ ಸಿಗುತ್ತಾರೆ? ಅದೇ ಅವರ ದೊಡ್ಡ ಬಂಡವಾಳ, 30,000 ಸೆಡಿಗಿಂತ ದೊಡ್ಡದು.

ನಾನು ಈ ವಿಷಯಕ್ಕೆ ಇಷ್ಟು ಮನಸ್ಸು ಕೊಡುವುದಕ್ಕೆ ಇನ್ನೊಂದು ಕಾರಣ ಇದೆ. ಆಫ್ರಿಕಾದಿಂದ ಹೊರಗೆ ಹೋಗುವ ಶಿಯಾದಲ್ಲಿ ಹೆಚ್ಚಿನ ಪಾಲು ಮುಖದ ಕ್ರೀಮಿಗೆ ಹೋಗುವುದೇ ಇಲ್ಲ, ಚಾಕೊಲೇಟಿಗೆ ಹೋಗುತ್ತದೆ. ಕೋಕೋ ಬೆಣ್ಣೆಯ ಜೊತೆಗೆ ಬೇರೆ ಆರು ಸಸ್ಯದ ಕೊಬ್ಬುಗಳನ್ನು ನೂರಕ್ಕೆ 5 ಭಾಗದವರೆಗೆ ಹಾಕಬಹುದು ಎಂದು ಯುರೋಪು 2000ನೇ ಇಸವಿಯಲ್ಲಿ ನಿಯಮ ಮಾಡಿತು. ಆ ಆರರಲ್ಲಿ ಶಿಯಾ ಒಂದು, ನಮ್ಮ ಮುರುಗಲು ಇನ್ನೊಂದು. ಬೀಜ ಚೀಲದಲ್ಲಿ ಹೊರಟುಹೋಗುತ್ತದೆ, ಬೆಲೆ ಕಟ್ಟುವವರು ಇನ್ನೆಲ್ಲೋ ಕೂತಿರುತ್ತಾರೆ. ಅದಕ್ಕೇ ಬುರ್ಕಿನಾ ಫಾಸೊ 2024ರಲ್ಲಿ ಕಚ್ಚಾ ಬೀಜದ ರಫ್ತು ನಿಲ್ಲಿಸಿತು, ನೈಜೀರಿಯಾ 2025ರ ಆಗಸ್ಟ್‌ನಲ್ಲಿ ಆರು ತಿಂಗಳಿಗೆಂದು ನಿಲ್ಲಿಸಿತು. ಬರೀ ರಫ್ತು ನಿಲ್ಲಿಸಿದರೆ ಸಾಲದು, ಊರಲ್ಲೇ ಕೊಳ್ಳುವವರು ಇಲ್ಲದಿದ್ದರೆ ಬೀಜದ ಬೆಲೆ ಬಿದ್ದು ಮೊದಲ ಪೆಟ್ಟು ಆರಿಸುವ ಹೆಂಗಸಿಗೇ. ನಮ್ಮ ಮೈಸೂರಿನ ಗಂಧದ ಕಥೆ ನಿಮಗೆ ಗೊತ್ತಿರುತ್ತದೆ. ಗಂಧದ ಕೊರಡು ಯುರೋಪಿಗೆ ಹೋಗಿ ಅಲ್ಲಿ ಎಣ್ಣೆಯಾಗುತ್ತಿತ್ತು. ಮೊದಲ ಮಹಾಯುದ್ಧ ಬಂದು ಆ ದಾರಿ ಮುಚ್ಚಿದಾಗ ನಾಲ್ವಡಿ ಕೃಷ್ಣರಾಜ ಒಡೆಯರು, ವಿಶ್ವೇಶ್ವರಯ್ಯನವರು ಇಲ್ಲೇ ಎಣ್ಣೆ ತೆಗೆಸಿದರು, ಆಮೇಲೆ ಆ ಎಣ್ಣೆಯಿಂದ ಸೋಪು. ಸೋಪು ಮಾಡುವುದನ್ನು ಕಲಿತು ಬರಲು ಗರಳಪುರಿ ಶಾಸ್ತ್ರಿಗಳನ್ನು ಇಂಗ್ಲೆಂಡಿಗೆ ಕಳಿಸಿದರು. ನಿಮ್ಮ ಗೆಳತಿಯನ್ನು ರಾಜರು ಯಾರೂ ಕಳಿಸಲಿಲ್ಲ, ಅವರಾಗಿಯೇ ನಿಮ್ಮ ಊರಿಗೆ ಬಂದು ಕಲಿತು ಹೋದರು.

ನೀವು ಇಲ್ಲಿ ಮಾರುವ ವಿಷಯ. ಸೂಟ್‌ಕೇಸಿನಲ್ಲಿ ತಂದು ಇನ್‌ಸ್ಟಾಗ್ರಾಮ್‌ನಲ್ಲಿ ಮಾರುವ ಯೋಚನೆ ಇದ್ದರೆ ಬಿಟ್ಟುಬಿಡಿ. ಹೊರದೇಶದ ಕಾಸ್ಮೆಟಿಕ್ಸ್ ಇಲ್ಲಿ ಮಾರಲು 2020ರ ಕಾಸ್ಮೆಟಿಕ್ಸ್ ರೂಲ್ಸ್ ಪ್ರಕಾರ ಕೇಂದ್ರದ ಔಷಧಿ ನಿಯಂತ್ರಣ ಸಂಸ್ಥೆ ಸಿಡಿಎಸ್‌ಸಿಒದಲ್ಲಿ ಇಂಪೋರ್ಟ್ ರಿಜಿಸ್ಟ್ರೇಷನ್ ಬೇಕು. ಈಗಿನ ಮಟ್ಟಕ್ಕೆ ಆ ಖರ್ಚು ಏಳುವುದಿಲ್ಲ. ನೀವು ಮಾಡಬಹುದಾದ ಸಹಾಯ ಬೇರೆ ಇದೆ. ನೀವು ಬಿ.ಫಾರ್ಮಾ ಓದಿದವರು, ಬ್ಯಾಚ್ ರೆಕಾರ್ಡ್ ಬರೆಯುವುದು ಗೊತ್ತು. ಯಾವ ದಿನ, ಯಾವ ಊರಿನ ಬೀಜ, ಎಷ್ಟು ಬಿಸಿ ಮಾಡಿದರು, ಎಷ್ಟು ಹೊತ್ತಿನಲ್ಲಿ ತಣಿಸಿದರು, ಎಷ್ಟು ಡಬ್ಬಿ, ಯಾರಿಗೆ ಹೋಯಿತು, ಇಷ್ಟು ಹಿಡಿಯುವ ಒಂದು ಪುಟದ ಫಾರ್ಮ್ ಮಾಡಿ ಕಳಿಸಿ. ಪ್ರತಿ ವಾರ ಫೋನಿನಲ್ಲಿ ಇಬ್ಬರೂ ಕೂತು ಅದನ್ನು ನೋಡಿ. ಒಬ್ಬರೇ ಕೆಲಸ ಮಾಡುವವರಿಗೆ ಕೇಳುವವರು ಒಬ್ಬರಿದ್ದರೆ ಎಷ್ಟು ಬಲ ಬರುತ್ತದೆ ಎಂದು ನನಗೆ ಗೊತ್ತು.

ಪ್ರತಿ ಬ್ಯಾಚಿನಿಂದ ಎರಡು ಡಬ್ಬಿ ಮಾರದೆ ತೆಗೆದಿಡಲಿ, ದಿನಾಂಕ ಬರೆದು, ಒಂದು ನೆರಳಲ್ಲಿ, ಒಂದು ತಗಡಿನ ಮಾಡಿನ ಕೆಳಗೆ ಬಿಸಿ ಇರುವ ಕಡೆ. ತಿಂಗಳಿಗೊಮ್ಮೆ ತೆರೆದು ಮೂಸಿ ನೋಡಿ ಬರೆದಿಡಲಿ. ಬರೀ ಅಜ್ಜಿಯ ಬೆಣ್ಣೆಯ ಒಂದು ಡಬ್ಬಿಯೂ ಅದರ ಪಕ್ಕದಲ್ಲಿರಲಿ. ಮೂಸಿ ನೋಡುವ ಕೆಲಸ ಅಜ್ಜಿಗೇ ಕೊಡಲಿ. ಯಾವ ಬೆಣ್ಣೆ ಕೆಡುತ್ತಿದೆ ಎಂಬುದು ಮಷೀನಿಗಿಂತ ಎರಡು ವಾರ ಮೊದಲೇ ಅವರ ಮೂಗಿಗೆ ಗೊತ್ತಾದರೆ ನನಗೇನೂ ಆಶ್ಚರ್ಯವಿಲ್ಲ.